ಚಿಚೆನ್ ಇಟ್ಸಾ ಮತ್ತು ಸೆನೋಟೆ: ಒಂದು ದಿನದಲ್ಲಿ ಎಷ್ಟು ನೋಡಬಹುದು?

ಪ್ರಶ್ನೆ: ನಾವು ಅಮೆರಿಕದ ಟೆಕ್ಸಾಸ್‌ನಲ್ಲಿ ನೆಲೆಸಿರುವ ಮೈಸೂರಿನ ಕುಟುಂಬ. ಡಿಸೆಂಬರ್ ರಜೆಯಲ್ಲಿ ಮೆಕ್ಸಿಕೋದ ಕ್ಯಾನ್‌ಕುನ್‌ಗೆ ಹೋಗುತ್ತಿದ್ದೇವೆ. ಜೊತೆಗೆ ಒಂಬತ್ತು ವರ್ಷದ ಮಗ ಮತ್ತು ಊರಿನಿಂದ ಬಂದಿರುವ ಅತ್ತೆಯವರು ಇರುತ್ತಾರೆ. ಅತ್ತೆಯವರಿಗೆ ಮೊಣಕಾಲು ನೋವಿದೆ, ಈಜು ಬಾರದು. ಚಿಚೆನ್ ಇಟ್ಸಾ, ಕೋಬಾ, ತುಲುಮ್ ಎಂಬ ಮಾಯಾ ಜನರ ಪ್ರಾಚೀನ ನಗರಗಳನ್ನೂ ಎರಡು ಸೆನೋಟೆಗಳನ್ನೂ (ನೀರು ತುಂಬಿದ ನೈಸರ್ಗಿಕ ಬಾವಿಗಳು) ಒಂದೇ ದಿನದಲ್ಲಿ ತೋರಿಸುವ ಪ್ಯಾಕೇಜ್ ಒಂದಿದೆ. ಅದನ್ನು ತೆಗೆದುಕೊಳ್ಳಬಹುದೇ? ಗೈಡ್ ಅಗತ್ಯವೇ? ಈಜು ಬಾರದವರು ಸೆನೋಟೆಗೆ ಇಳಿಯಬಹುದೇ? ನರಬಲಿ ಕೊಡುತ್ತಿದ್ದ ನೀರಿನಲ್ಲಿ ಸ್ನಾನ ಮಾಡುವುದು ಸರಿಯೇ ಎಂದು ಅತ್ತೆಯವರು ಕೇಳುತ್ತಿದ್ದಾರೆ. ನಾವು ಸಸ್ಯಾಹಾರಿಗಳು, ಊಟದ ಬಗ್ಗೆಯೂ ತಿಳಿಸಿ.

ಉತ್ತರ: ಆ ಪ್ಯಾಕೇಜನ್ನು ದಯವಿಟ್ಟು ತೆಗೆದುಕೊಳ್ಳಬೇಡಿ. ಕ್ಯಾನ್‌ಕುನ್‌ನಿಂದ ಚಿಚೆನ್ ಇಟ್ಸಾಗೆ ಸುಮಾರು 200 ಕಿಲೋಮೀಟರ್. ಅಲ್ಲಿಂದ ವಯ್ಯಾದೊಲಿದ್ ಪಟ್ಟಣದ ಮೂಲಕ ಕೋಬಾಗೆ ನೂರು ಕಿಲೋಮೀಟರಿಗೂ ಹೆಚ್ಚು. ಕೋಬಾದಿಂದ ತುಲುಮ್‌ಗೆ ಸುಮಾರು 45. ತುಲುಮ್‌ನಿಂದ ಮರಳಿ ಕ್ಯಾನ್‌ಕುನ್‌ಗೆ ಸುಮಾರು 130. ಒಟ್ಟು 480 ಕಿಲೋಮೀಟರಿನ ಆಸುಪಾಸು. ದಿನದ ಆರೇಳು ಗಂಟೆ ಬಸ್ಸಿನಲ್ಲೇ ಕಳೆದುಹೋಗುತ್ತದೆ. ಅದರ ಮೇಲೆ ಬೇರೆ ಬೇರೆ ಹೋಟೆಲುಗಳಿಂದ ಜನರನ್ನು ಹತ್ತಿಸಿಕೊಳ್ಳುವ ಹೊತ್ತು, ಬಫೆ ಊಟದ ಹೊತ್ತು, ಮತ್ತು ಇಂಥ ಪ್ರವಾಸಗಳಲ್ಲಿ ತಪ್ಪದೆ ಬರುವ ಕರಕುಶಲ ವಸ್ತುಗಳ ಅಂಗಡಿಯ ನಿಲುಗಡೆ. ಇಷ್ಟೆಲ್ಲ ಕಳೆದು ಉಳಿಯುವ ಸಮಯದಲ್ಲಿ ಮೂರು ಪ್ರಾಚೀನ ನಗರಗಳಿಗೆ ಸಿಗುವುದು ಮುಕ್ಕಾಲು ಗಂಟೆಯಂತೆ. ಚಿಚೆನ್ ಇಟ್ಸಾ ಒಂದಕ್ಕೇ ಕನಿಷ್ಠ ಮೂರು ಗಂಟೆ ಬೇಕು. ಮೊಣಕಾಲು ನೋವಿರುವ ಹಿರಿಯರು ಜೊತೆಗಿದ್ದಾಗ ಮೂರೂವರೆ ಗಂಟೆ ಎಂದೇ ಇಟ್ಟುಕೊಳ್ಳಿ.

ಒಂದು ದಿನಕ್ಕೆ ಒಂದು ನಗರ ಮತ್ತು ಒಂದು ಸೆನೋಟೆ ಸಾಕು ಎಂಬುದು ನನ್ನ ಸಲಹೆ. ಬೆಳಗಿನ ಹೊತ್ತು ಕಟ್ಟಡಗಳಿಗೆ, ಮಧ್ಯಾಹ್ನ ನೀರಿಗೆ. ಪ್ರವಾಸದ ಕಂಪನಿಯನ್ನು ಆರಿಸುವಾಗ ಎಷ್ಟು ಜಾಗಗಳನ್ನು ತೋರಿಸುತ್ತಾರೆ ಎಂದು ಎಣಿಸದೆ, ಚಿಚೆನ್ ಇಟ್ಸಾದ ಬೇಲಿಯೊಳಗೆ ಎಷ್ಟು ಗಂಟೆ ಬಿಡುತ್ತಾರೆ, ಎಷ್ಟು ಹೊತ್ತಿಗೆ ಅಲ್ಲಿಗೆ ತಲುಪಿಸುತ್ತಾರೆ, ಪ್ರವೇಶ ಶುಲ್ಕ ಸೇರಿದೆಯೇ ಎಂಬ ಮೂರು ಪ್ರಶ್ನೆಗಳನ್ನು ಬರಹದಲ್ಲಿ ಕೇಳಿ ಉತ್ತರ ಪಡೆಯಿರಿ. ಶುಲ್ಕದ ವಿಷಯ ಸಣ್ಣದಲ್ಲ. ಅಲ್ಲಿ ಕೇಂದ್ರ ಸರ್ಕಾರದ ಪುರಾತತ್ತ್ವ ಸಂಸ್ಥೆಗೊಂದು, ಯುಕಟಾನ್ ರಾಜ್ಯ ಸರ್ಕಾರಕ್ಕೊಂದು ಎಂದು ಎರಡು ಟಿಕೆಟ್ ಇದ್ದು, ವಿದೇಶಿಯರಿಗೆ ಎರಡೂ ಸೇರಿ ತಲೆಗೆ 600 ಪೆಸೊಗಿಂತ ಹೆಚ್ಚಾಗುತ್ತದೆ. ಅಗ್ಗವಾಗಿ ಕಾಣುವ ಎಷ್ಟೋ ಪ್ಯಾಕೇಜುಗಳು ಈ ಮೊತ್ತವನ್ನು ಬಸ್ಸು ಹತ್ತಿದ ಮೇಲೆ ನಗದಾಗಿ ಕೇಳುತ್ತವೆ.

ಸಮಯದ ವಿಷಯದಲ್ಲಿ ನಿಮಗೆ ಅನುಕೂಲವಾಗುವ ಒಂದು ಸಂಗತಿಯಿದೆ. ಕ್ಯಾನ್‌ಕುನ್ ಇರುವ ಕಿಂತಾನಾ ರೋ ರಾಜ್ಯದ ಗಡಿಯಾರ ಚಿಚೆನ್ ಇಟ್ಸಾ ಇರುವ ಯುಕಟಾನ್ ರಾಜ್ಯದ ಗಡಿಯಾರಕ್ಕಿಂತ ಒಂದು ಗಂಟೆ ಮುಂದಿದೆ. ನೀವು ಕ್ಯಾನ್‌ಕುನ್ ಬಿಡುವಾಗ ಬೆಳಗಿನ ಆರು ಗಂಟೆಯಾಗಿದ್ದರೆ, ಎರಡೂವರೆ ಗಂಟೆ ಪ್ರಯಾಣ ಮಾಡಿ ತಲುಪಿದಾಗ ಅಲ್ಲಿ ಇನ್ನೂ ಏಳೂವರೆ. ಬಾಗಿಲು ತೆರೆಯುವುದು ಎಂಟಕ್ಕೆ. ಕರಾವಳಿಯ ಹೋಟೆಲುಗಳಿಂದ ಬರುವ ದೊಡ್ಡ ಬಸ್ಸುಗಳು ಹತ್ತೂವರೆಯ ಮೇಲೆ ಸಾಲುಗಟ್ಟುತ್ತವೆ. ಆ ಹೊತ್ತಿಗೆ ಬಿಸಿಲೂ ಏರಿರುತ್ತದೆ, ಮುಖ್ಯ ಮೈದಾನದಲ್ಲಿ ನೆರಳು ಬಹಳ ಕಡಿಮೆ. ಆದ್ದರಿಂದ ಏಳೂವರೆಗೆ ಹೋಟೆಲಿನಿಂದ ಹೊರಡುವ ಬಸ್ಸಿಗಿಂತ ಐದೂವರೆ ಅಥವಾ ಆರಕ್ಕೆ ಹೊರಡುವ ಸಣ್ಣ ವ್ಯಾನಿಗೆ ಹೆಚ್ಚು ಹಣ ಕೊಟ್ಟರೂ ನಷ್ಟವಿಲ್ಲ. ಭಾನುವಾರ ಬೇಡ. ಅಂದು ಮೆಕ್ಸಿಕೋದ ನಾಗರಿಕರಿಗೆ ಪುರಾತತ್ತ್ವ ಸಂಸ್ಥೆಯ ಪ್ರವೇಶ ಉಚಿತವಾದ್ದರಿಂದ ಜನ ಕಿಕ್ಕಿರಿದಿರುತ್ತಾರೆ. ಕ್ರಿಸ್‌ಮಸ್‌ನಿಂದ ಹೊಸ ವರ್ಷದವರೆಗಿನ ವಾರವಂತೂ ಇಡೀ ವರ್ಷದಲ್ಲೇ ಹೆಚ್ಚು ನೂಕುನುಗ್ಗಲಿನ ಕಾಲ. ಸಾಧ್ಯವಾದರೆ ಡಿಸೆಂಬರ್ ಮೊದಲ ಭಾಗದಲ್ಲೇ ಹೋಗಿ ಬನ್ನಿ.

ಇನ್ನು ನೀರಿನ ವಿಷಯ. ಇದನ್ನು ಅರ್ಥ ಮಾಡಿಕೊಂಡು ಹೋದರೆ ಇಡೀ ದಿನದ ಅನುಭವವೇ ಬೇರೆಯಾಗುತ್ತದೆ. ಪ್ರವಾಸದ ಕಂಪನಿಗಳು ಪಾಳುನಗರವನ್ನು ಇತಿಹಾಸವೆಂದೂ ಸೆನೋಟೆಯನ್ನು ಈಜಿನ ಮೋಜೆಂದೂ ಬೇರೆ ಮಾಡಿ ಮಾರುತ್ತವೆ, ಆದರೆ ಇವೆರಡೂ ಒಂದೇ ಕಥೆ. ಯುಕಟಾನ್ ಪರ್ಯಾಯ ದ್ವೀಪದ ಉತ್ತರ ಭಾಗದಲ್ಲಿ ನೆಲದ ಮೇಲೆ ಹರಿಯುವ ನದಿಗಳಿಲ್ಲ. ಅಲ್ಲಿನ ನೆಲವೆಲ್ಲ ಸುಣ್ಣದ ಕಲ್ಲು. ಮಳೆ ಬಿದ್ದರೆ ಸ್ಪಂಜಿನಲ್ಲಿ ಇಳಿದಂತೆ ಕೆಳಕ್ಕೆ ಇಳಿದುಹೋಗುತ್ತದೆ. ಇಂಗಾಲಾಮ್ಲವನ್ನು ಹೀರಿಕೊಂಡು ತುಸು ಹುಳಿಯಾದ ಆ ನೀರು ಲಕ್ಷಾಂತರ ವರ್ಷಗಳಲ್ಲಿ ಕಲ್ಲನ್ನು ಕರಗಿಸಿ ನೆಲದಡಿ ಗುಹೆಗಳನ್ನೂ ಸುರಂಗಗಳನ್ನೂ ಕೊರೆದಿದೆ. ಗುಹೆಯ ಚಾವಣಿ ಎಲ್ಲಿ ಕುಸಿಯಿತೋ ಅಲ್ಲಿ ಅಂತರ್ಜಲ ಕಣ್ಣಿಗೆ ಬೀಳುತ್ತದೆ. ಅದೇ ಸೆನೋಟೆ. ಸುಮಾರು 6.6 ಕೋಟಿ ವರ್ಷಗಳ ಹಿಂದೆ ಇದೇ ಪರ್ಯಾಯ ದ್ವೀಪದ ಅಂಚಿನಲ್ಲಿ, ಇಂದಿನ ಚಿಕ್ಶುಲುಬ್ ಊರಿರುವಲ್ಲಿ, ಬೃಹತ್ ಕ್ಷುದ್ರಗ್ರಹವೊಂದು ಅಪ್ಪಳಿಸಿತ್ತು. ಡೈನೋಸಾರ್‌ಗಳ ಅಳಿವಿಗೆ ಕಾರಣವೆಂದು ಹೇಳಲಾಗುವುದು ಅದೇ ಘಟನೆಯನ್ನು. ಹೂತುಹೋದ ಆ ಕುಳಿಯ ಅಂಚಿನುದ್ದಕ್ಕೂ ಸೆನೋಟೆಗಳು ಕಮಾನಿನಾಕಾರದ ಸಾಲಿನಲ್ಲಿವೆ. ನಿಮ್ಮ ಮಗನಿಗೆ ಈ ಸಂಗತಿಯನ್ನು ಹೊರಡುವ ಮೊದಲೇ ಹೇಳಿ. ನಕ್ಷೆಯಲ್ಲಿ ಆ ಸಾಲನ್ನು ತಾನೇ ಹುಡುಕಿಕೊಳ್ಳುತ್ತಾನೆ.

ನದಿಯಿಲ್ಲದ ನಾಡಿನಲ್ಲಿ ನಗರ ಕಟ್ಟಬೇಕಾದರೆ ಸೆನೋಟೆಯ ಬಳಿಯೇ ಕಟ್ಟಬೇಕು. ಚಿಚೆನ್ ಇಟ್ಸಾದಲ್ಲಿ ಮುಖ್ಯವಾಗಿ ಎರಡಿವೆ, ಅವುಗಳ ಬಳಕೆ ಬೇರೆ ಬೇರೆಯಾಗಿತ್ತು. ಶ್ತೊಲೋಕ್ ಎಂಬ ಸೆನೋಟೆಯಿಂದ ಜನ ದಿನಬಳಕೆಯ ನೀರು ತರುತ್ತಿದ್ದರು. ಉತ್ತರಕ್ಕಿರುವ, ಸುಮಾರು 60 ಮೀಟರ್ ಅಗಲದ ಪವಿತ್ರ ಸೆನೋಟೆ ಮಳೆಯ ದೇವರಾದ ಚಾಕ್‌ಗೆ ಮೀಸಲಾದದ್ದು. ಪಿರಮಿಡ್ಡಿನ ಮೈದಾನದಿಂದ ಅಲ್ಲಿಗೆ ಕಲ್ಲು ಮತ್ತು ಸುಣ್ಣದಿಂದ ಕಟ್ಟಿದ ಸುಮಾರು 300 ಮೀಟರ್ ಉದ್ದದ ಬಿಳಿಯ ದಾರಿಯಿದೆ. 20ನೇ ಶತಮಾನದ ಆರಂಭದಲ್ಲಿ ಎಡ್ವರ್ಡ್ ಥಾಂಪ್ಸನ್ ಎಂಬ ಅಮೆರಿಕನ್ ಆ ಸೆನೋಟೆಯ ತಳವನ್ನು ಯಂತ್ರದಿಂದ ಬಗೆದಾಗ ಹಸಿರು ಜೇಡ್ ಕಲ್ಲಿನ ಆಭರಣ, ಚಿನ್ನದ ತಟ್ಟೆ, ತಾಮ್ರದ ಗಂಟೆ, ಕೋಪಾಲ್ ಧೂಪದ ಉಂಡೆಗಳ ಜೊತೆಗೆ ಮನುಷ್ಯರ ಮೂಳೆಗಳೂ ಸಿಕ್ಕವು. ಆ ಚಿನ್ನ ಸ್ಥಳೀಯವಲ್ಲ; ಇಂದಿನ ಕೋಸ್ಟಾರಿಕಾ, ಪನಾಮಾಗಳಷ್ಟು ದೂರದಿಂದ ಬಂದದ್ದು. ಸಿಕ್ಕ ವಸ್ತುಗಳಲ್ಲಿ ಬಹುಪಾಲು ಹಾರ್ವರ್ಡ್ ವಿಶ್ವವಿದ್ಯಾಲಯದ ಪೀಬಡಿ ವಸ್ತುಸಂಗ್ರಹಾಲಯ ಸೇರಿತು, ಕೆಲವು ಮಾತ್ರ ನಂತರ ಮೆಕ್ಸಿಕೋಗೆ ಮರಳಿದವು.

ಅತ್ತೆಯವರ ಪ್ರಶ್ನೆಗೆ ಇಲ್ಲಿಯೇ ಉತ್ತರವಿದೆ. ಆ ಪವಿತ್ರ ಸೆನೋಟೆಯಲ್ಲಿ ಯಾರೂ ಈಜುವುದಿಲ್ಲ, ಈಜಲು ಬಿಡುವುದೂ ಇಲ್ಲ. ದಂಡೆಯಲ್ಲಿ ನಿಂತು ನೋಡಬಹುದು ಅಷ್ಟೆ. ನೀವು ಇಳಿಯುವುದು ಬೇರೆ ಸೆನೋಟೆಗಳಿಗೆ. ಅಂಥವುಗಳ ನೀರನ್ನು ಹಳ್ಳಿಯ ಜನ ಕುಡಿಯಲು, ಮೀಯಲು, ಹೊಲಕ್ಕೆ ಬಳಸುತ್ತಲೇ ಬಂದಿದ್ದಾರೆ. ಹಾಗೆಂದು ಅತ್ತೆಯವರ ಹಿಂಜರಿಕೆಯನ್ನು ತಳ್ಳಿಹಾಕುವಂತಿಲ್ಲ. ಮಾಯಾ ಜನರಿಗೆ ಎಲ್ಲ ಸೆನೋಟೆಗಳೂ ನೆಲದಡಿಯ ಲೋಕದ ಬಾಗಿಲುಗಳಾಗಿದ್ದವು, ಇಂದಿಗೂ ಯುಕಟಾನ್‌ನ ಹಳ್ಳಿಗಳಲ್ಲಿ ಮಳೆ ತಡವಾದರೆ ಹ್ಮೆನ್ ಎಂಬ ಪೂಜಾರಿಯ ನೇತೃತ್ವದಲ್ಲಿ ಚಾಕ್ ದೇವರನ್ನು ಕರೆಯುವ ವಿಧಿ ನಡೆಯುತ್ತದೆ. ಕೂಗಾಟವಿಲ್ಲದೆ, ಮೈ ತೊಳೆದುಕೊಂಡು, ನೀರಿಗೆ ಏನನ್ನೂ ಬೆರೆಸದೆ ಇಳಿದರೆ ಅಲ್ಲಿನವರ ಭಾವನೆಗೆ ಧಕ್ಕೆಯಾಗುವುದಿಲ್ಲ. ಕೆಲವು ಪ್ಯಾಕೇಜುಗಳಲ್ಲಿ ಧೂಪ ಹಾಕಿ ಆಶೀರ್ವದಿಸುವ ಸಣ್ಣ ಆಚರಣೆಯೂ ಇರುತ್ತದೆ. ಅದು ಬಹುಮಟ್ಟಿಗೆ ಪ್ರವಾಸಿಗರಿಗಾಗಿಯೇ ಏರ್ಪಡಿಸಿದ್ದು; ನಿಂತು ನೋಡಿದರೆ ತಪ್ಪಿಲ್ಲ, ಅದಕ್ಕಾಗಿ ಹೆಚ್ಚು ಹಣ ಕೊಡುವ ಅಗತ್ಯವಿಲ್ಲ.

ಗೈಡ್ ಬೇಕೇ ಎಂದು ಕೇಳಿದ್ದೀರಿ. ಖಂಡಿತ ಬೇಕು, ಆದರೆ ಒಳ್ಳೆಯ ಗೈಡ್ ಬೇಕು. ಸರ್ಕಾರದ ಪರವಾನಗಿ ಇರುವವರು ಕೊರಳಲ್ಲಿ ಗುರುತಿನ ಚೀಟಿ ಹಾಕಿಕೊಂಡಿರುತ್ತಾರೆ. ಪ್ರವೇಶದ್ವಾರದಲ್ಲೇ ಅಂಥವರು ಸಿಗುತ್ತಾರೆ, ದರ ತಲೆಗಿಷ್ಟು ಎಂದಿರದೆ ಇಡೀ ಗುಂಪಿಗಿಷ್ಟು ಎಂದಿರುತ್ತದೆ. ನೀವು ನಾಲ್ವರೇ ಇರುವುದರಿಂದ ಐವತ್ತು ಜನರ ಬಸ್ಸಿನ ಗೈಡಿಗಿಂತ ಹೀಗೆ ಗೊತ್ತುಮಾಡಿಕೊಂಡವರು ಮೇಲು. ಅತ್ತೆಯವರ ನಡಿಗೆಗೆ ತಕ್ಕಂತೆ ನಿಧಾನಿಸುತ್ತಾರೆ. ಗೈಡ್ ಹೇಳುವುದನ್ನೆಲ್ಲ ನಂಬಬೇಕಾಗಿಲ್ಲ. ಚೆಂಡಾಟದ ಅಂಗಳದಲ್ಲಿ ನಿಂತು, ಗೆದ್ದ ತಂಡದ ನಾಯಕನನ್ನೇ ಬಲಿ ಕೊಡುತ್ತಿದ್ದರು ಎಂದು ಖಚಿತವಾಗಿ ಹೇಳಿದರೆ ಎಚ್ಚರವಾಗಿರಿ. ಅಲ್ಲಿನ ಗೋಡೆಯ ಕೆತ್ತನೆಯಲ್ಲಿ ಒಬ್ಬ ಆಟಗಾರನ ತಲೆ ಕಡಿದಿದೆ, ಮಂಡಿಯೂರಿದ ಅವನ ಕುತ್ತಿಗೆಯಿಂದ ಚಿಮ್ಮುವ ರಕ್ತ ಹಾವುಗಳಾಗಿ ಬಳ್ಳಿಯಾಗಿ ಹರಡಿದೆ. ಅವನು ಗೆದ್ದವನೋ ಸೋತವನೋ ಎಂಬುದನ್ನು ಕೆತ್ತನೆ ಹೇಳುವುದಿಲ್ಲ. ಸೆನೋಟೆಗೆ ಕನ್ಯೆಯರನ್ನು ಎಸೆಯುತ್ತಿದ್ದರು ಎಂಬುದೂ ಅಂಥದೇ ಮಾತು. ಸಿಕ್ಕ ಮೂಳೆಗಳಲ್ಲಿ ಗಂಡಸರು, ಹೆಂಗಸರು, ಮಕ್ಕಳು ಎಲ್ಲರೂ ಇದ್ದಾರೆ. ಪವಿತ್ರ ಸೆನೋಟೆಯ ಹತ್ತಿರದ ನೆಲದಡಿಯ ಕೋಣೆಯೊಂದರಲ್ಲಿ 1967ರಲ್ಲಿ ಸಿಕ್ಕ ಮಕ್ಕಳ ಅವಶೇಷಗಳ ಡಿಎನ್‌ಎ ಅಧ್ಯಯನ 2024ರಲ್ಲಿ ಪ್ರಕಟವಾಯಿತು. ಪರೀಕ್ಷಿಸಿದ 64 ಮಕ್ಕಳೂ ಗಂಡುಮಕ್ಕಳಾಗಿದ್ದರು, ಅವರಲ್ಲಿ ಎರಡು ಜೋಡಿ ತದ್ರೂಪಿ ಅವಳಿಗಳಿದ್ದರು. ಹತ್ತಿರದ ಹಳ್ಳಿಯೊಂದರ ಇಂದಿನ ಮಾಯಾ ನಿವಾಸಿಗಳಿಗೂ ಆ ಮಕ್ಕಳಿಗೂ ವಂಶವಾಹಿಯ ನಂಟಿರುವುದನ್ನೂ ಅದೇ ಅಧ್ಯಯನ ತೋರಿಸಿತು. ಆದ್ದರಿಂದ ಮಾಯಾ ಜನರು ನಿಗೂಢವಾಗಿ ಕಣ್ಮರೆಯಾದರು ಎನ್ನುವ ಗೈಡ್ ಸಿಕ್ಕರೆ ಆ ಮಾತನ್ನು ಮಗನ ಕಿವಿಗೆ ಹಾಕಿಸಬೇಡಿ. ಯುಕಟೆಕ್ ಮಾಯಾ ಭಾಷೆಯನ್ನಾಡುವವರು ಇಂದಿಗೂ ಏಳು ಲಕ್ಷಕ್ಕೂ ಹೆಚ್ಚಿದ್ದಾರೆ. ನಿಮ್ಮ ವ್ಯಾನಿನ ಚಾಲಕರು, ಊಟ ಬಡಿಸುವವರು, ಬಹುಶಃ ಆ ಗೈಡ್ ಕೂಡ ಅವರಲ್ಲೇ ಒಬ್ಬರಾಗಿರುತ್ತಾರೆ.

ಕಟ್ಟಡಗಳಲ್ಲಿ ಎಲ್ಲವನ್ನೂ ಸುತ್ತುವ ಹಟ ಬೇಡ. ಸರ್ಪದೇವರಾದ ಕುಕುಲ್ಕಾನ್‌ನ ಪಿರಮಿಡ್ಡು ಸುಮಾರು 30 ಮೀಟರ್ ಎತ್ತರವಿದೆ; ನಾಲ್ಕು ಕಡೆಯೂ 91 ಮೆಟ್ಟಿಲು, ಮೇಲಿನ ಗುಡಿಯ ಮೆಟ್ಟಿಲು ಸೇರಿ 365, ಅಂದರೆ ಅವರ ಸೌರವರ್ಷದ ದಿನಗಳು. 2006ರಿಂದ ಹತ್ತಲು ಬಿಡುವುದಿಲ್ಲ, ಹಾಗಾಗಿ ಅತ್ತೆಯವರು ಕೆಳಗೆ ಒಬ್ಬರೇ ಕಾಯಬೇಕಾದ ಪ್ರಸಂಗ ಬರುವುದಿಲ್ಲ. ಉತ್ತರದ ಮೆಟ್ಟಿಲುಗಳ ಬುಡದಲ್ಲಿ ಬಾಯ್ದೆರೆದ ಎರಡು ಸರ್ಪಗಳ ತಲೆಗಳಿವೆ. ಮಾರ್ಚ್ ಮತ್ತು ಸೆಪ್ಟೆಂಬರಿನ ವಿಷುವ ದಿನಗಳ ಸಂಜೆ ಮೆಟ್ಟಿಲಿನ ಅಂಚಿನಲ್ಲಿ ಬೆಳಕು ನೆರಳಿನ ತ್ರಿಕೋನಗಳು ಮೂಡಿ ಹಾವು ಇಳಿದಂತೆ ಕಾಣುತ್ತದೆ. ಡಿಸೆಂಬರಿನಲ್ಲಿ ಆ ದೃಶ್ಯ ಸಿಗದು. ಅದೇ ಮೆಟ್ಟಿಲುಗಳೆದುರು ನಿಂತು ಚಪ್ಪಾಳೆ ತಟ್ಟಿದರೆ ಮರುದನಿ ಹಕ್ಕಿಯ ಚಿಲಿಪಿಲಿಯಂತೆ ಬರುತ್ತದೆ, ಅದಕ್ಕೆ ಯಾವ ಋತುವೂ ಅಡ್ಡಿಯಿಲ್ಲ. ಈ ಪಿರಮಿಡ್ಡಿನೊಳಗೆ ಇನ್ನೊಂದು ಹಳೆಯ ಪಿರಮಿಡ್ಡಿದೆ. 1930ರ ದಶಕದಲ್ಲಿ ಅದರೊಳಗೆ ಜೇಡ್ ಕಲ್ಲು ಕೂರಿಸಿದ ಕೆಂಪು ಜಾಗ್ವಾರ್ ಆಕಾರದ ಪೀಠ ಸಿಕ್ಕಿತು. ಪಿರಮಿಡ್ಡಿನ ಅಡಿಯಲ್ಲೇ ಒಂದು ಸೆನೋಟೆ ಇರುವ ಸೂಚನೆಯನ್ನು 2015ರಲ್ಲಿ ಮೆಕ್ಸಿಕೋದ ಸಂಶೋಧಕರು ವಿದ್ಯುತ್ ಅಳತೆಗಳಿಂದ ಕಂಡುಕೊಂಡರು. ಇದಾದ ಮೇಲೆ ಸುಮಾರು 168 ಮೀಟರ್ ಉದ್ದದ ಚೆಂಡಾಟದ ಅಂಗಳ, ಬಿಳಿಯ ದಾರಿಯಲ್ಲಿ ನಡೆದು ಪವಿತ್ರ ಸೆನೋಟೆ, ಮರಳಿ ಬರುವಾಗ ಯೋಧರ ದೇಗುಲ. ಶಕ್ತಿ ಉಳಿದಿದ್ದರೆ ದಕ್ಷಿಣದಲ್ಲಿರುವ ದುಂಡನೆಯ ವೀಕ್ಷಣಾಲಯವನ್ನೂ ನೋಡಿ. ಅದರ ಕಿಟಕಿಗಳಲ್ಲಿ ಕೆಲವು ಶುಕ್ರಗ್ರಹದ ಚಲನೆಗೆ ಹೊಂದಿಕೊಂಡಿವೆ ಎಂದು ಹಲವು ವಿದ್ವಾಂಸರು ಭಾವಿಸುತ್ತಾರೆ. ನೆಲ ಬಹುಮಟ್ಟಿಗೆ ಸಮತಟ್ಟು. ಆದರೂ ಜಲ್ಲಿ ಮತ್ತು ಬೇರುಗಳಿರುವುದರಿಂದ ಅತ್ತೆಯವರಿಗೆ ಊರುಗೋಲು, ಅಡಿ ಗಟ್ಟಿಯಾದ ಶೂ ಇರಲಿ.

ಮಗನಿಗೆ ಮಾಯಾ ಅಂಕಿಗಳನ್ನು ಮುಂಚೆಯೇ ಕಲಿಸಿ. ಒಂದು ಚುಕ್ಕೆ ಎಂದರೆ 1, ಒಂದು ಗೆರೆ ಎಂದರೆ 5, ಚಿಪ್ಪಿನ ಚಿತ್ರ ಸೊನ್ನೆ. ಎಣಿಕೆ ಇಪ್ಪತ್ತರ ಗುಂಪುಗಳಲ್ಲಿ ಸಾಗುತ್ತದೆ. ಎರಡು ಗೆರೆಯ ಮೇಲೆ ಮೂರು ಚುಕ್ಕೆ ಕಂಡರೆ ಹದಿಮೂರು. ಸೊನ್ನೆಯ ಕಲ್ಪನೆಯನ್ನು ಭಾರತದ ಸಂಪರ್ಕವೇ ಇಲ್ಲದೆ ಸ್ವತಂತ್ರವಾಗಿ ಕಂಡುಕೊಂಡ ಜನ ಇವರು ಎಂಬುದು ನಮ್ಮ ಮಕ್ಕಳಿಗೆ ತಿಳಿದಿರಬೇಕು.

ಸೆನೋಟೆಯ ಆಯ್ಕೆಗೆ ಬರೋಣ. ಹೆಚ್ಚಿನ ಪ್ಯಾಕೇಜುಗಳು ಇಕ್ ಕಿಲ್‌ಗೆ ಕರೆದೊಯ್ಯುತ್ತವೆ, ಚಿಚೆನ್ ಇಟ್ಸಾದಿಂದ ಅದು ಕೆಲವೇ ಕಿಲೋಮೀಟರ್. ಸುಮಾರು 60 ಮೀಟರ್ ಅಗಲದ ದುಂಡು ಬಾವಿ, ನೆಲಮಟ್ಟದಿಂದ ಸುಮಾರು 26 ಮೀಟರ್ ಕೆಳಗೆ ನೀರು, ಮೇಲಿನಿಂದ ನೀರಿನವರೆಗೂ ಜೋತುಬಿದ್ದ ಬೇರುಗಳು. ಬಂಡೆಯಲ್ಲಿ ಕೊರೆದ ಮೆಟ್ಟಿಲುಗಳು ಸದಾ ಒದ್ದೆಯಾಗಿರುತ್ತವೆ. ಅತ್ತೆಯವರು ಮೇಲಿನ ಕಟ್ಟೆಯಿಂದಲೇ ನೋಡುವುದು ಕ್ಷೇಮ, ಅಲ್ಲಿಂದ ಕಾಣುವ ನೋಟಕ್ಕೆ ಯಾವ ಕೊರತೆಯೂ ಇಲ್ಲ. ವಯ್ಯಾದೊಲಿದ್ ಹತ್ತಿರದ ಶ್ಕೆಕೆನ್ ಪೂರ್ತಿ ಗುಹೆಯೊಳಗಿದೆ. ಚಾವಣಿಯ ಒಂದು ಸಣ್ಣ ರಂಧ್ರದಿಂದ ಬಿಸಿಲಿನ ಕೋಲು ನೇರವಾಗಿ ನೀಲಿ ನೀರಿಗೆ ಬೀಳುತ್ತದೆ, ಸುತ್ತಲೂ ಸುಣ್ಣದ ತೊಂಗಲುಗಳು ಇಳಿಬಿದ್ದಿವೆ. ನೋಡಲು ನನಗೆ ಇದೇ ಹೆಚ್ಚು ಇಷ್ಟ, ಆದರೆ ಇಳಿಯುವ ದಾರಿ ಕಿರಿದು, ಒಳಗೆ ಮಬ್ಬು. ಹಿರಿಯರ ಅನುಕೂಲವೇ ಮುಖ್ಯವಾದರೆ ಇನ್ನೊಂದು ದಿನ ತುಲುಮ್ ಮತ್ತು ಅದರ ಹತ್ತಿರದ ಗ್ರಾನ್ ಸೆನೋಟೆಯನ್ನು ಆರಿಸಿಕೊಳ್ಳಬಹುದು. ಅಲ್ಲಿ ಮರದ ಮೆಟ್ಟಿಲು, ಮರದ ಜಗಲಿ, ಕುಳಿತು ಕಾಲು ಇಳಿಬಿಡುವಷ್ಟು ಆಳವಿಲ್ಲದ ಜಾಗ, ಸಣ್ಣ ಆಮೆಗಳು ಇವೆ.

ಈಜು ಬಾರದವರು ಲೈಫ್ ಜಾಕೆಟ್ ತೊಟ್ಟು ಇಳಿಯಬಹುದು. ಇದರಲ್ಲಿ ರಾಜಿ ಬೇಡ, ಈಜು ಬಲ್ಲವರಾದರೂ ನೀವೂ ಮಗನೂ ಜಾಕೆಟ್ ತೊಟ್ಟೇ ಇಳಿಯಿರಿ. ಮೇಲಿನ ನೀರು ಸಿಹಿನೀರಾದ್ದರಿಂದ ಸಮುದ್ರದಲ್ಲಿ ತೇಲಿದಷ್ಟು ಸುಲಭವಾಗಿ ಮೈ ತೇಲುವುದಿಲ್ಲ. ಈಜುಕೊಳದಂತೆ ಆಳ ಕ್ರಮೇಣ ಹೆಚ್ಚುವುದೂ ಇಲ್ಲ. ಇಕ್ ಕಿಲ್‌ನಲ್ಲಿ ಕೊನೆಯ ಏಣಿ ಬಿಟ್ಟ ಕ್ಷಣವೇ ಕಾಲ ಕೆಳಗೆ ಹತ್ತಾರು ಮೀಟರ್ ಆಳವಿರುತ್ತದೆ. ನೀರು ವರ್ಷವಿಡೀ 24–25 ಡಿಗ್ರಿ ಸೆಲ್ಸಿಯಸ್ ಇದ್ದು, ಬಿಸಿಲಿನಿಂದ ಬಂದ ಮೈಗೆ ಥಟ್ಟನೆ ತಣ್ಣಗೆನಿಸಿ ಉಸಿರು ಕಟ್ಟಿದಂತಾಗಬಹುದು. ಆದ್ದರಿಂದ ಧುಮುಕದೆ ಏಣಿ ಹಿಡಿದು ನಿಧಾನವಾಗಿ ಇಳಿಯಲಿ. ಗುಹೆಯ ಕತ್ತಲಿನ ಕಡೆಗೆ ಈಜಿ ಹೋಗುವುದಂತೂ ಯಾವ ಕಾರಣಕ್ಕೂ ಕೂಡದು. ಆ ಸುರಂಗಗಳು ಎಷ್ಟು ದೂರ ಹೋಗುತ್ತವೆ ಎಂಬುದಕ್ಕೆ ಒಂದು ಉದಾಹರಣೆ ಕೊಡುತ್ತೇನೆ: ತುಲುಮ್ ಬಳಿಯ ಸಾಕ್ ಅಕ್ತುನ್ ಮತ್ತು ದೋಸ್ ಓಹೋಸ್ ಎಂಬ ಎರಡು ಜಲಗುಹೆಗಳು ಒಳಗಿನಿಂದ ಕೂಡಿಕೊಂಡಿವೆ ಎಂದು 2018ರಲ್ಲಿ ಮುಳುಗುಗಾರರು ಪ್ರಕಟಿಸಿದಾಗ, ಅಳೆದ ಒಟ್ಟು ಉದ್ದ 347 ಕಿಲೋಮೀಟರ್ ಆಗಿತ್ತು.

ಸನ್‌ಸ್ಕ್ರೀನ್, ಸೊಳ್ಳೆ ನಿವಾರಕ, ತಲೆಗೆ ಹಚ್ಚಿದ ಎಣ್ಣೆ, ಯಾವುದೂ ನೀರಿಗೆ ಸೇರಬಾರದು. ಇಳಿಯುವ ಮೊದಲು ಷವರಿನಲ್ಲಿ ಮೈ ತೊಳೆಯುವುದು ಕಡ್ಡಾಯ. ಪೊಟ್ಟಣದ ಮೇಲೆ ಪರಿಸರಸ್ನೇಹಿ ಎಂದು ಬರೆದಿದ್ದರೂ ಹಚ್ಚಬೇಡಿ, ತುಂಬುತೋಳಿನ ಈಜುಡುಗೆ ತೊಡಿ. ಆ ನಾಡಿನಲ್ಲಿ ನೀರನ್ನು ಸೋಸುವ ದಪ್ಪ ಮಣ್ಣಿನ ಪದರವಿಲ್ಲ. ಸೆನೋಟೆಗೆ ಸೇರಿದ್ದು ನೇರವಾಗಿ ಅಂತರ್ಜಲಕ್ಕೆ ಸೇರುತ್ತದೆ. ಹಳ್ಳಿಗಳು ಕುಡಿಯುವುದು ಅದನ್ನೇ, ಕೊನೆಗೆ ಅದು ಹರಿದು ಸೇರುವುದು ಕೆರಿಬಿಯನ್ ಕರಾವಳಿಯ ಹವಳದ ದಿಬ್ಬಗಳಿರುವ ಕಡಲನ್ನು. ಹೋಟೆಲುಗಳ ಕೊಳಚೆಯಿಂದ ಈಗಾಗಲೇ ಒತ್ತಡದಲ್ಲಿರುವ ಆ ನೀರಿಗೆ ಪ್ರವಾಸಿಗರು ತಮ್ಮ ಪಾಲನ್ನು ಸೇರಿಸುತ್ತಿರುವುದು ನನಗೆ ತೀರ ಬೇಸರದ ಸಂಗತಿ.

ದಾಖಲೆಗಳ ಬಗ್ಗೆ ಒಂದು ಮಾತು. ಭಾರತೀಯ ಪಾಸ್‌ಪೋರ್ಟ್ ಇರುವವರಿಗೆ ಮೆಕ್ಸಿಕೋ ವೀಸಾ ಬೇಕು. ಅವಧಿ ಮುಗಿಯದ ಅಮೆರಿಕ ವೀಸಾ ಅಥವಾ ಅಮೆರಿಕದ ಕಾಯಂ ನಿವಾಸದ ಪತ್ರ ಇದ್ದರೆ ವಿನಾಯಿತಿ ಇದೆ. ನಿಮ್ಮಲ್ಲಿ ಯಾರ ಪಾಸ್‌ಪೋರ್ಟಿನಲ್ಲಾದರೂ ವೀಸಾ ಮುದ್ರೆಯ ಅವಧಿ ಮುಗಿದು ಬರೀ ಅನುಮೋದನೆಯ ಪತ್ರವಿದ್ದರೆ ಟಿಕೆಟ್ ಕೊಳ್ಳುವ ಮೊದಲೇ ಮೆಕ್ಸಿಕೋ ದೂತಾವಾಸದಲ್ಲಿ ವಿಚಾರಿಸಿ.

ಊಟಕ್ಕೆ ವಯ್ಯಾದೊಲಿದ್‌ನಲ್ಲಿ ನಿಲ್ಲುವುದು ಒಳ್ಳೆಯದು, ಪ್ಯಾಕೇಜಿನ ಬಫೆಗಿಂತ ಅಲ್ಲಿ ಆಯ್ಕೆ ಹೆಚ್ಚು. ಬೇಯಿಸಿದ ಕಪ್ಪು ಹುರುಳಿಕಾಯಿ ಬೀಜ ಸಸ್ಯಾಹಾರದಂತೆ ಕಂಡರೂ ಬಹಳ ಕಡೆ ಹಂದಿಯ ಕೊಬ್ಬು ಹಾಕುತ್ತಾರೆ. ‘ಸಿನ್ ಕಾರ್ನೆ’ ಎಂದರೆ ಮಾಂಸವಿಲ್ಲದೆ ಎಂದಷ್ಟೇ ಅರ್ಥ. ಜೊತೆಗೆ ‘ಸಿನ್ ಮಾಂತೇಕಾ’, ಅಂದರೆ ಕೊಬ್ಬಿಲ್ಲದೆ, ಎಂದೂ ಕೇಳಿ. ನಿಂಬೆಯ ಸೂಪಿನಲ್ಲಿ ಕೋಳಿ ಇರುತ್ತದೆ. ಮೊಟ್ಟೆ ತಿನ್ನುವವರಾದರೆ ಕುಂಬಳಬೀಜದ ಗೊಜ್ಜಿನಲ್ಲಿ ಅದ್ದಿದ ರೊಟ್ಟಿಗೆ ಮೊಟ್ಟೆ ತುಂಬಿದ ಪಾಪಾದ್ಸುಲೆಸ್ ಕೇಳಬಹುದು. ತಿನ್ನದಿದ್ದರೆ ಬಿಸಿ ಮೆಕ್ಕೆಜೋಳದ ರೊಟ್ಟಿ, ಬೆಣ್ಣೆಹಣ್ಣಿನ ಗ್ವಾಕಮೋಲೆ, ಸುಟ್ಟ ತರಕಾರಿ, ಪಪ್ಪಾಯ. ಮೇಜಿನ ಮೇಲಿನ ಅಬನೇರೋ ಮೆಣಸಿನ ಚಟ್ನಿಯನ್ನು ಬ್ಯಾಡಗಿಯ ಲೆಕ್ಕದಲ್ಲಿ ಬಡಿಸಿಕೊಳ್ಳಬೇಡಿ, ಅದರ ಖಾರ ಎಷ್ಟೋ ಪಟ್ಟು ಹೆಚ್ಚು. ಈಜಿಗೆ ಹೋಗುವುದು ಊಟಕ್ಕೆ ಮೊದಲೇ ಆದರೆ ಚೆನ್ನ. ಹಾಗೆ ಮಾಡಿದರೆ ನಾಲ್ಕು ಗಂಟೆಗೆ ಅಲ್ಲಿಂದ ಹೊರಡಬಹುದು, ಗಡಿಯಾರದ ವ್ಯತ್ಯಾಸವೂ ಸೇರಿ ಏಳೂವರೆಯ ಹೊತ್ತಿಗೆ ಕ್ಯಾನ್‌ಕುನ್‌ನ ಹೋಟೆಲಿನಲ್ಲಿರುತ್ತೀರಿ.